ಪಿಯೆರೋಗಿ ನೀರಿಗೆ ಹಾಕಿದ್ರೆ ಬಾಯಿ ಬಿಡುತ್ತೆ, ಏನ್ಮಾಡ್ಲಿ?

ಹೋದ ಸಂಚಿಕೇಲಿ ಪಿಯೆರೋಗಿ ಬಗ್ಗೆ ಅರ್ಧ ಪುಟ ಬರೆದಿದ್ದೆ. ಓದದೇ ಇದ್ದೋರಿಗೆ ಚುಟುಕಾಗಿ ಹೇಳ್ತೀನಿ, ಅದು ಪೋಲೆಂಡ್‌ನೋರ ಕಡುಬು, ಮೈದಾ ಕಣಕ ತೆಳ್ಳಗೆ ಲಟ್ಟಿಸಿ ಗ್ಲಾಸ್ ಬಾಯಲ್ಲಿ ಗುಂಡಗೆ ಕತ್ತರಿಸಿ ಒಳಗೆ ಹೂರಣ ಇಟ್ಟು ಅರ್ಧಚಂದ್ರದ ಥರ ಮಡಚಿ ನೀರಲ್ಲಿ ಬೇಯಿಸೋದು. ನಾನು ಕ್ರಾಕೋವ್ ಊರಲ್ಲಿ ನಾಲ್ಕು ವರ್ಷ ಇದ್ದೆ, ಅಲ್ಲಿ ಕೆಳಗಿನ ಮನೆ ಅಜ್ಜಿ ಕೈಯಿಂದ ಕಲಿತದ್ದು ಇದು. ಜಾಗ ಸಾಲದೆ ಹೋದ ಸಲ ಅಳತೆ ಸರಿಯಾಗಿ ಕೊಟ್ಟಿರ್ಲಿಲ್ಲ, ಆದರೂ ಎಷ್ಟೋ ಜನ ಮಾಡಿ ನೋಡಿದ್ದೀರಿ, ಪತ್ರ ಬರೆದಿದ್ದೀರಿ, ನಿಜವಾಗ್ಲೂ ಖುಷಿ ಆಯ್ತು. ಈ ಸಲದ ಪ್ರಶ್ನೋತ್ತರ ಪೂರ್ತಿ ಪಿಯೆರೋಗಿಗೇ.

ಅಕ್ಕಾರ, ನೀವು ಹೇಳಿದ್ಹಂಗ ಮಾಡಿದೆ. ನೀರಿಗೆ ಹಾಕಿದ ಕೂಡ್ಲೆ ಅರ್ಧಕ್ಕರ್ಧ ಬಾಯಿ ಬಿಟ್ಟುವು, ಹೂರಣ ಎಲ್ಲಾ ನೀರಾಗ ಕೂಡಿ ಅಂಬಲಿ ಆತು. ಎಲ್ಲಿ ತಪ್ಪೇತಿ?
– ಹುಬ್ಬಳ್ಳಿಯ ಓದುಗರು

ಇದೇ ಪ್ರಶ್ನೆ ಬೇರೆ ಬೇರೆ ಊರಿಂದಲೂ ಬಂದಿದೆ, ಅದಕ್ಕೆ ಇದನ್ನೇ ಮೊದಲು ತಗೊಂಡೆ, ಸ್ವಲ್ಪ ಉದ್ದಕ್ಕೇ ಹೇಳ್ತೀನಿ. ಪಿಯೆರೋಗಿ ಒಳ್ಳೇದಾಗೋದು ಕೆಡೋದು ಎಲ್ಲಾ ನೀರಿನ ಮೇಲೇನೇ ನಿಂತಿರೋದು, ಕಣಕದಲ್ಲಿ ನೀರು ಧಾರಾಳ ಇರ್ಬೇಕು ಹೂರಣದಲ್ಲಿ ಇರ್ಲೇಬಾರ್ದು. ನಾವು ಎಷ್ಟೋ ಸಲ ತಿರುಗಾ ಮುರುಗಾ ಮಾಡಿಬಿಡ್ತೀವಿ, ಗಟ್ಟಿ ಕಣಕ, ಮೆತ್ತನೆ ಹಸಿ ಹೂರಣ.

ನೀವು ಆಲೂಗಡ್ಡೆ ಹೆಚ್ಚಿ ನೀರು ಹಾಕಿ ಕುಕ್ಕರಿನಲ್ಲಿ ಕೂಗ್ಸಿದ್ರಿ ಅಂತ ಬರೆದಿದ್ದೀರಿ, ಅಲ್ಲೇ ನೋಡಿ ಮೊದಲ ತೊಂದರೆ. ಹೋಳು ಮಾಡಿದ ಆಲೂಗಡ್ಡೆ ನೀರು ಕುಡಿದುಬಿಡುತ್ತೆ. ಸಿಪ್ಪೆ ಸಮೇತ ಇಡಿಯಾಗಿ ಬೇಯಿಸಿ, ಕೈ ಸುಡುತ್ತಿರೋವಾಗಲೇ ಬಟ್ಟೆ ಹಿಡ್ಕೊಂಡು ಸಿಪ್ಪೆ ತೆಗೆದು ಗಂಟಿಲ್ಲದ ಹಾಗೆ ಹಿಸುಕಿ. ಹಿಸುಕಿದ್ದನ್ನ ಪಾತ್ರೇಲೇ ಬಿಡ್ಬೇಡಿ, ಅಗಲ ತಟ್ಟೇಲಿ ಹರಡಿ, ಹಬೆ ಎದ್ದು ಹೋಗೋದು ಕಣ್ಣಿಗೆ ಕಾಣುತ್ತೆ, ಆ ಹಬೆ ಅಂದ್ರೆ ನಿಮಗೆ ಬೇಡದ ನೀರೇ ಹೊರಗೆ ಹೋಗ್ತಾ ಇರೋದು. ಪೂರ್ತಿ ತಣ್ಣಗಾದ ಮೇಲೆ ಗಿಣ್ಣು ಸೇರಿಸಿ, ಗಿಣ್ಣು ಅಂದ್ರೆ ಇಲ್ಲಿ ಈದ ಹಸುವಿನ ಗಿಣ್ಣಲ್ಲ, ಹುಳಿ ಬಂದ ಹಾಲಿಂದ ಮಾಡೋ ಚೀಸ್, ಮುಂದಿನ ಉತ್ತರದಲ್ಲಿ ಹೇಳಿದ್ದೀನಿ. ಹೊಸ ಆಲೂಗಡ್ಡೆಗಿಂತ ಎರಡು ತಿಂಗಳು ಚೀಲದಲ್ಲಿದ್ದ ಹಳೇದು ಒಳ್ಳೇದು, ಹಿಟ್ಟು ಹಿಟ್ಟಾಗಿ ಉದುರುತ್ತೆ.

ಎರಡನೇದು ಈರುಳ್ಳಿ. ಸಣ್ಣಗೆ ಹೆಚ್ಚಿ ಬೆಣ್ಣೇಲಿ ಸಣ್ಣ ಉರೀಲಿ ಹೊಂಬಣ್ಣ ಬರೋವರೆಗೂ ಹುರೀಬೇಕು, ಅವಸರ ಮಾಡೋ ಹಾಗಿಲ್ಲ, ಹದಿನೈದು ಇಪ್ಪತ್ತು ನಿಮಿಷ ಹಿಡಿಯುತ್ತೆ. ಆದರೆ ಹುರಿದಾದ ಮೇಲೆ ಜಿಡ್ಡು ಬಸಿದು ಬರೀ ಈರುಳ್ಳಿ ಹೂರಣಕ್ಕೆ ಹಾಕಿ, ಆ ಬೆಣ್ಣೆ ಎತ್ತಿಟ್ಟಿರಿ, ಕೊನೇಲಿ ಪಿಯೆರೋಗಿ ಮೇಲೆ ಸುರಿಯೋಕೆ ಬೇಕು. ಹೂರಣದಿಂದ ಜಿಡ್ಡು ಇಳಿದು ಕಣಕದ ಅಂಚಿಗೆ ತಾಗಿದ್ರೆ ಆ ಜಾಗ ಏನು ಮಾಡಿದ್ರೂ ಅಂಟಲ್ಲ.

ಇನ್ನು ಅಂಚು. ಲಟ್ಟಿಸೋವಾಗ ಒಣ ಹಿಟ್ಟು ಕೆಳಗಡೆಗೆ ಮಾತ್ರ ಉದುರಿಸಿ, ಮೇಲ್ಮೈ ಹಾಗೇ ಬಿಡಿ, ಆ ಹಿಟ್ಟಿಲ್ಲದ ಮೇಲ್ಮೈಗೇ ಹೂರಣ ಇಡ್ಬೇಕು. ಹಿಟ್ಟು ಹಿಟ್ಟಿಗೆ ಅಂಟಲ್ಲ, ಹಸಿ ಕಣಕ ಹಸಿ ಕಣಕಕ್ಕೆ ಅಂಟುತ್ತೆ ಅಷ್ಟೇ. ಕೆಳಗಿನ ಮನೆ ಅಜ್ಜಿ ಇದನ್ನ ಮಾಡೋ ರೀತಿ ನನ್ನ ಕಣ್ಣಿಗೆ ಈಗ್ಲೂ ಕಟ್ಟಿದ ಹಾಗಿದೆ. ಗುಂಡು ಹಾಳೇನ ಎಡ ಅಂಗೈ ಮೇಲೆ ಇಟ್ಕೊಂಡು ಕೈಯನ್ನ ಒಂಚೂರು ದೊನ್ನೆ ಥರ ಮಾಡಿ ಹೂರಣದ ಉಂಡೆ ಇಟ್ಟು, ಮೊದಲು ನಡುವಿನ ತುದಿ ಎರಡನ್ನೂ ಕೂಡಿಸಿ ಒತ್ತೋರು, ಆಮೇಲೆ ಅಲ್ಲಿಂದ ಎರಡೂ ಕಡೆ ಬೆರಳು ಜಾರಿಸ್ತಾ ಒಳಗಿನ ಗಾಳಿ ಪೂರ್ತಿ ಹೊರಗೆ ತಳ್ಳೋರು, ಕೊನೆಗೆ ಒಂದೊಂದನ್ನೂ ಕಿಟಕಿ ಬೆಳಕಿಗೆ ಹಿಡಿದು ನೋಡೋರು. ಅಂಚಲ್ಲಿ ಎಲ್ಲಾದ್ರೂ ಆಲೂಗಡ್ಡೆ ಚೂರು ಸಿಕ್ಕೊಂಡಿದ್ರೆ ಬೆಳಕಲ್ಲಿ ಕಪ್ಪಗೆ ಕಾಣುತ್ತೆ, ಅದೇ ಜಾಗ ನೀರಲ್ಲಿ ಬಾಯಿ ಬಿಡೋದು. ಒಳಗೆ ಗಾಳಿ ಉಳಿದ್ರೂ ಅದು ಬಿಸಿಗೆ ಉಬ್ಬಿ ಒಡೆಯುತ್ತೆ.

ಅಗಲ ಪಾತ್ರೆ ತಗೊಳ್ಳಿ, ನೀರಿಗೆ ಉಪ್ಪು ಹಾಕಿ ಕುದಿಸಿ, ಒಂದು ಸಲಕ್ಕೆ ಹನ್ನೆರಡು ಹದಿನೈದಕ್ಕಿಂತ ಜಾಸ್ತಿ ಬೇಡ. ಹಾಕಿದ ತಕ್ಷಣ ಮರದ ಸೌಟಿನ ಬೆನ್ನಿಂದ ಮೆಲ್ಲಗೆ ಒಂದು ಸುತ್ತು ತಿರುಗ್ಸಿ ತಳಕ್ಕೆ ಹಿಡೀದ ಹಾಗೆ, ಆಮೇಲೆ ಉರಿ ಇಳಿಸಿ, ಕೊತಕೊತ ಅಂತ ಕುದಿಯೋದು ಬೇಡ. ತೇಲಿ ಮೇಲೆ ಬಂದ ಮೇಲೆ ಇನ್ನೂ ಎರಡು ಮೂರು ನಿಮಿಷ ಬಿಟ್ಟು ತೂತಿನ ಸೌಟಲ್ಲಿ ತೆಗೀರಿ. ಮೊದಲು ಒಂದೇ ಒಂದು ಹಾಕಿ ಪರೀಕ್ಷೆ ಮಾಡಿ, ಅದು ನಿಂತ್ರೆ ಉಳಿದಿದ್ದೂ ನಿಲ್ಲುತ್ತೆ.

ಅಳತೆ ಕೇಳಿದೋರಿಗೆಲ್ಲಾ ಸೇರಿ ಇಲ್ಲೇ ಬರೀತೀನಿ: ಮೈದಾ 500 ಗ್ರಾಂ, ಬಿಸಿನೀರು ಸುಮಾರು 250 ಮಿಲಿ ಲೀಟರ್, ಎಣ್ಣೆ ಇಲ್ಲಾ ಕರಗಿಸಿದ ಬೆಣ್ಣೆ 3 ದೊಡ್ಡ ಚಮಚ, ಉಪ್ಪು 1 ಸಣ್ಣ ಚಮಚ. ಹೂರಣಕ್ಕೆ ಆಲೂಗಡ್ಡೆ 800 ಗ್ರಾಂ, ಗಿಣ್ಣು 400 ಗ್ರಾಂ, ದೊಡ್ಡ ಈರುಳ್ಳಿ 2, ಉಪ್ಪು, ಕಾಳುಮೆಣಸಿನ ಪುಡಿ ಸ್ವಲ್ಪ ಕೈ ಬಿಟ್ಟು. ಬೇರೆ ಮಸಾಲೆ ಯಾವುದೂ ಬೇಡ, ಮೆಣಸು ಮತ್ತೆ ಹುರಿದ ಈರುಳ್ಳೀನೇ ಅದರ ರುಚಿ. ಏಳು ಸೆಂಟಿಮೀಟರ್ ಬಾಯಿಯ ಗ್ಲಾಸಲ್ಲಿ ಕತ್ತರಿಸಿದ್ರೆ 60 ದಾಟಿ ಆಗುತ್ತೆ.

ಆ ಗಿಣ್ಣು ಅಂದ್ರಲ್ಲ, ಅದು ನಮಗೆಲ್ಲಿ ಸಿಗುತ್ತೆ? ಅಂಗಡಿ ಪನ್ನೀರ್ ತುರಿದು ಹಾಕಿದೆ, ರಬ್ಬರ್ ಚೂರು ಥರ ಬಾಯಿಗೆ ಸಿಕ್ತು. ಮಕ್ಕಳು ಚೀಸ್ ಹಾಕು ಅಂತಾರೆ.
– ಮೈಸೂರಿನ ಓದುಗರು

ಪೋಲೆಂಡ್‌ನಲ್ಲಿ ಅದಕ್ಕೆ ತ್ವಾರುಗ್ ಅಂತಾರೆ. ನಮ್ಮ ಪನ್ನೀರ್ ಆಗೋದು ಕುದಿಯೋ ಹಾಲಿಗೆ ನಿಂಬೆಹುಳಿ ಹಿಂಡಿ ಒಡೆಸಿದಾಗ, ತ್ವಾರುಗ್ ಹಾಗಲ್ಲ, ಹಾಲು ಮೊದಲು ತಾನಾಗೇ ಹುಳಿ ಬಂದು ಹೆಪ್ಪಾಗುತ್ತೆ, ಆಮೇಲೆ ಅದನ್ನ ಮೆಲ್ಲಗೆ ಬಿಸಿ ಮಾಡಿ ನೀರು ಬೇರೆ ಮಾಡ್ತಾರೆ. ಹಾಗಾಗಿ ಅದಕ್ಕೆ ಒಂದು ಹದವಾದ ಹುಳಿ ಇರುತ್ತೆ, ಬೆರಳಲ್ಲಿ ಒತ್ತಿದ್ರೆ ಪುಡಿಪುಡಿ ಆಗುತ್ತೆ, ಆಲೂಗಡ್ಡೆ ಜೊತೆ ಬೆರೆತು ಹೋಗುತ್ತೆ. ಪನ್ನೀರಿಗೆ ಹುಳಿಯೂ ಇಲ್ಲ, ಕರಗೋದೂ ಇಲ್ಲ.

ನಮ್ಮ ಮನೇಲಿ ಮೊಸರು ಇದ್ದೇ ಇರುತ್ತಲ್ಲ, ಅರ್ಧ ಕೆಲಸ ಆಗೇ ಹೋಯ್ತು ಅಂತ ತಿಳ್ಕೊಳ್ಳಿ. ಗಟ್ಟಿ ಹಾಲಿನ ಎರಡು ಲೀಟರ್ ಮೊಸರು, ಒಂಚೂರು ಹುಳಿ ಬಂದಿದ್ರೆ ಇನ್ನೂ ಒಳ್ಳೇದು. ದಪ್ಪ ತಳದ ಪಾತ್ರೇಲಿ ಹಾಕಿ ಅತಿ ಸಣ್ಣ ಉರೀಲಿ ಇಡಿ, ಇಲ್ಲಾಂದ್ರೆ ಬಿಸಿನೀರಿನ ಪಾತ್ರೆ ಒಳಗೆ ಈ ಪಾತ್ರೆ ಕೂರಿಸಿ. ಕಲಕ್ಬೇಡಿ. ಅರ್ಧ ಗಂಟೆ ಮುಕ್ಕಾಲು ಗಂಟೆ ಆಗೋ ಹೊತ್ತಿಗೆ ಮೊಸರು ಅಂಚು ಬಿಟ್ಕೊಂಡು ಮಧ್ಯೆ ದ್ವೀಪದ ಥರ ನಿಲ್ಲುತ್ತೆ, ಸುತ್ತ ತಿಳಿ ಹಸಿರು ನೀರು ಬಿಡುತ್ತೆ. ಬೆರಳಿಟ್ರೆ ಬಿಸಿ ಅನ್ನಿಸ್ಬೇಕು, ಸುಡಬಾರ್ದು, ಕುದಿ ಬಂತು ಅಂದ್ರೆ ಅದೂ ರಬ್ಬರೇ. ಆರಿದ ಮೇಲೆ ಪಂಚೆ ಬಟ್ಟೇಲಿ ಸುರಿದು ಗಂಟು ಕಟ್ಟಿ ಎರಡು ಮೂರು ಗಂಟೆ ನೇತುಹಾಕಿ, ಆಮೇಲೆ ಮಣೆ ಕೆಳಗಿಟ್ಟು ಮೇಲೆ ಭಾರ ಇಡಿ. 400 ಗ್ರಾಂ ಹತ್ತಿರ ಬರುತ್ತೆ, ಅಂದ್ರೆ ಮೇಲಿನ ಅಳತೆಗೆ ಸರಿ. ಉಳಿದ ನೀರನ್ನ ಚೆಲ್ಲಬೇಡಿ, ಚಪಾತಿ ಹಿಟ್ಟು ಕಲಸೋಕೆ ಬರುತ್ತೆ. ಬರೀ ನೇತುಹಾಕಿದ ಮೊಸರು, ಅಂದ್ರೆ ಶ್ರೀಖಂಡಕ್ಕೆ ಮಾಡ್ಕೊಳ್ಳೋದು, ಅದು ಸಾಲಲ್ಲ, ನೀರು ಜಾಸ್ತಿ, ಮತ್ತೆ ಹುಬ್ಬಳ್ಳಿಯೋರ ಅಂಬಲಿ ಕಥೆ ಆಗುತ್ತೆ.

ಚೀಸ್ ಸ್ಲೈಸ್, ಪಿಜ್ಜಾ ಚೀಸ್ ಬೇಡ ಅಂತೀನಿ ನಾನು. ಅದು ಬಿಸಿಗೆ ಕರಗಿ ಎಣ್ಣೆ ಬಿಡುತ್ತೆ, ತಿಂದಾಗ ದಾರದ ಥರ ಎಳೆಯುತ್ತೆ, ರುಚಿಯೇ ಬೇರೆ ಆಗಿಬಿಡುತ್ತೆ. ಮಕ್ಕಳಿಗೆ ಒಂದು ಸಲ ಸರಿಯಾದ್ದನ್ನ ಮಾಡಿ ಕೊಡಿ, ಆಮೇಲೆ ಅವರೇ ಅದನ್ನ ಕೇಳ್ತಾರೆ.

ನಾವು ಮೊಟ್ಟೆ ತಿನ್ನಲ್ಲ. ಮೊಟ್ಟೆ ಇಲ್ಲದೆ ಕಣಕ ಬರುತ್ತಾ? ಮೈದಾ ಬದಲು ಗೋಧಿ ಹಿಟ್ಟು ಹಾಕಬಹುದಾ? ಬಿಸಿನೀರೇ ಯಾಕೆ ಬೇಕು?
– ಬೆಂಗಳೂರು, ಬಸವನಗುಡಿಯ ಓದುಗರು

ಮೊಟ್ಟೆ ಬೇಡ್ವೇ ಬೇಡ. ಪೋಲೆಂಡ್‌ನಲ್ಲೇ ಎಷ್ಟೋ ಮನೇಲಿ ಹಾಕಲ್ಲ, ಹಾಕೋ ಮನೆಯೋರು ಹಾಕ್ಲೇಬೇಕು ಅಂತಾರೆ, ಹಾಕದೋರು ಹಾಕ್ಲೇಬಾರ್ದು ಅಂತಾರೆ, ಇದು ಅಲ್ಲಿ ಮನೆ ಮನೆಗೆ ಬೇರೆ. ಮೊಟ್ಟೆ ಹಾಕಿದ್ರೆ ಕಣಕ ಗಟ್ಟಿ ಬಿಗಿ ಬರುತ್ತೆ, ಕೈಗೆ ಸುಲಭ, ಆದರೆ ಬೆಂದ ಮೇಲೆ ಅಗಿಯೋ ಹಾಗಿರುತ್ತೆ. ಬಿಸಿನೀರು ಮತ್ತೆ ಸ್ವಲ್ಪ ಜಿಡ್ಡಲ್ಲಿ ಕಲಸಿದ್ದು ಬಾಯಲ್ಲಿಟ್ರೆ ಮೃದು, ಅದೇ ನನಗಿಷ್ಟ.

ಬಿಸಿನೀರು ಯಾಕೆ ಅಂತ ಅಕ್ಕಿ ಕಡುಬು, ಮೋದಕ ಮಾಡೋರಿಗೆ ಹೇಳಬೇಕಾಗಿಲ್ಲ, ಕುದಿಯೋ ನೀರಿಗೆ ಅಕ್ಕಿಹಿಟ್ಟು ಹಾಕಿ ಉಕ್ಕರಿಸ್ತೀವಲ್ಲ, ಹಿಟ್ಟಲ್ಲಿರೋ ಪಿಷ್ಟ ಬಿಸಿಗೆ ಅರೆಬೆಂದು ನೀರು ಹಿಡಿದಿಟ್ಕೊಳ್ಳುತ್ತೆ, ಅದಕ್ಕೇ ಹಿಟ್ಟು ಒಡೀದೆ ಬಾಗುತ್ತೆ. ಇಲ್ಲೂ ಅದೇ. ಜೊತೆಗೆ ಮೈದಾದ ಜಿಗುಟು ಬಿಸಿನೀರಿಗೆ ಸ್ವಲ್ಪ ಸೋಲುತ್ತೆ, ಲಟ್ಟಿಸಿದ ಹಾಳೆ ಮತ್ತೆ ಮುದುಡ್ಕೊಂಡು ಹಿಂದೆ ಬರಲ್ಲ. ಕುದಿಯೋ ನೀರು ಬೇಡ, ಕುದಿಸಿ ಇಳಿಸಿ ಐದಾರು ನಿಮಿಷ ಬಿಟ್ಟದ್ದು ಸಾಕು. ಒಂದೇ ಸಲ ಸುರೀಬೇಡಿ, ಚಮಚದಲ್ಲಿ ಕಲಕ್ತಾ ಸ್ವಲ್ಪ ಸ್ವಲ್ಪವೇ ಹಾಕಿ, ಕೈ ತಡೆಯೋ ಹಾಗಾದ ಮೇಲೆ ಏಳೆಂಟು ನಿಮಿಷ ನಾದಿ. ಹದ ಕಿವಿ ತುದಿ ಮುಟ್ಟಿದ ಹಾಗಿರ್ಬೇಕು. ಬಿಸಿ ಪಾತ್ರೆ ಬೋರಲು ಹಾಕಿ ಅರ್ಧ ಗಂಟೆ ಬಿಡಿ, ಈ ಅರ್ಧ ಗಂಟೆ ಉಳಿಸೋಕೆ ಹೋಗ್ಬೇಡಿ.

ಗೋಧಿ ಹಿಟ್ಟು ಪೂರ್ತಿ ಹಾಕಿದ್ರೆ ಹೊಟ್ಟಿನ ಅಂಶಕ್ಕೆ ಅಂಚು ಸರಿಯಾಗಿ ಕೂಡಲ್ಲ, ತೆಳ್ಳಗೂ ಬರಲ್ಲ. ಬೇಕೇ ಬೇಕು ಅಂದ್ರೆ ಮೂರು ಪಾಲು ಮೈದಾಗೆ ಒಂದು ಪಾಲು ಗೋಧಿ ಹಿಟ್ಟು. ಅಲ್ಲಿ ಹಿಟ್ಟಿನ ಚೀಲದ ಮೇಲೆ ಟೈಪ್ 450, ಟೈಪ್ 500 ಅಂತ ನಂಬರ್ ಇರುತ್ತೆ, ಹಿಟ್ಟು ಸುಟ್ಟಾಗ ಎಷ್ಟು ಬೂದಿ ಉಳಿಯುತ್ತೆ ಅನ್ನೋ ಲೆಕ್ಕ ಅದು, ನಂಬರ್ ಕಮ್ಮಿ ಆದಷ್ಟೂ ಹೊಟ್ಟು ಕಮ್ಮಿ, ಹಿಟ್ಟು ಬೆಳ್ಳಗೆ. ಪಿಯೆರೋಗಿಗೆ ಈ ಎರಡರಲ್ಲೇ ಒಂದು ತಗೋತಾರೆ, ನಮ್ಮ ಮೈದಾ ಅದಕ್ಕೆ ಹತ್ತಿರವೇ.

ಇದು ಮೋಮೋ ಅಲ್ವಾ ಮೇಡಂ? ಮತ್ತೆ "ರುಸ್ಕಿಯೆ" ಅಂತ ಬರೆದಿದ್ರಿ, ಅಂದ್ರೆ ರಷ್ಯಾದ್ದೇ ತಾನೆ?
– ಉಡುಪಿಯ ಓದುಗರು

ಮೋಮೋ ಅಲ್ಲ. ಮೋಮೋ ಹಬೇಲಿ ಬೇಯುತ್ತೆ, ಒಳಗೆ ರಸ ಇರಲಿ ಅಂತ ಹಸಿ ಹೂರಣ ಇಡ್ತಾರೆ, ಖಾರದ ಚಟ್ನಿ ಜೊತೆ ತಿಂತಾರೆ. ಪಿಯೆರೋಗಿ ಹೂರಣ ಮೊದಲೇ ಬೆಂದದ್ದು, ನೀರಲ್ಲಿ ಬೇಯೋದು ಕಣಕ ಮಾತ್ರ, ಮೇಲೆ ಬೆಣ್ಣೆ ಈರುಳ್ಳಿ, ಪಕ್ಕಕ್ಕೆ ಹುಳಿ ಕೆನೆ. ನೋಡೋಕೆ ಹೇಳೋದಾದ್ರೆ ನಮ್ಮ ಕರಿಗಡುಬಿಗೇ ಹತ್ತಿರ. ಅಂಚನ್ನ ಬೆರಳಲ್ಲಿ ಹೆಣೀತಾರೆ, ಅದಕ್ಕೆ ಫಲ್ಬಾಂಕಾ ಅಂತ ಹೆಸರು, ಲಂಗದ ಅಂಚಿಗೆ ಹೊಲಿಯೋ ನೆರಿಗೆ ಅಂತ ಅರ್ಥ. ಕರ್ಜಿಕಾಯಿ ಅಂಚು ಮಡಚಿ ಗೊತ್ತಿರೋ ಕೈಗೆ ಅದು ಎರಡು ನಿಮಿಷದಲ್ಲಿ ಬರುತ್ತೆ, ನಾನು ಮೊದಲ ದಿನ ಹೆಣೆದು ತೋರಿಸಿದಾಗ ಕೆಳಗಿನ ಮನೆ ಅಜ್ಜಿ ನನ್ನ ಕೈ ಹಿಡ್ಕೊಂಡು ಇದನ್ನ ನಿನಗೆ ಯಾರು ಕಲಿಸಿದ್ರು ಅಂತ ಕೇಳಿದ್ರು, ನಮ್ಮಮ್ಮ ಅಂದೆ.

ರುಸ್ಕಿಯೆ ಅಂದ್ರೆ ಈ ಆಲೂಗಡ್ಡೆ ಗಿಣ್ಣಿನ ಪಿಯೆರೋಗಿಗೆ ಅಲ್ಲಿನ ಹೆಸರು, ಇದನ್ನ ತುಂಬಾ ಜನ ತಪ್ಪು ತಿಳಿದಿದ್ದಾರೆ. ಅದು ರಷ್ಯಾ ಅಲ್ಲ, ರುಸ್ ಅನ್ನೋ ಹಳೇ ಪ್ರಾಂತ್ಯದ ಹೆಸರು, ಈಗಿನ ಉಕ್ರೇನ್‌ನ ಪಶ್ಚಿಮ ಭಾಗ, ಲ್ವಿವ್ ಸುತ್ತಮುತ್ತ, ಮತ್ತೆ ಪೋಲೆಂಡ್‌ನ ಆಗ್ನೇಯ ಮೂಲೆ. ಪೋಲಿಷ್ ಭಾಷೇಲಿ ರಷ್ಯಾದ್ದು ಅನ್ನೋಕೆ ಬೇರೆ ಪದ ಇದೆ, ರೊಸೀಸ್ಕಿಯೆ ಅಂತ. 2022ರಲ್ಲಿ ಉಕ್ರೇನ್ ಮೇಲೆ ಯುದ್ಧ ಶುರುವಾದಾಗ ಪೋಲೆಂಡ್‌ನ ಎಷ್ಟೋ ಹೋಟೆಲಿನೋರು ಮೆನುವಲ್ಲಿ ರುಸ್ಕಿಯೆ ಅಳಿಸಿ ಉಕ್ರೇನಿನ ಪಿಯೆರೋಗಿ ಅಂತ ಬರೆದ್ರು, ಹೆಸರು ಎಷ್ಟು ಜನಕ್ಕೆ ಗೊಂದಲ ಮಾಡುತ್ತೆ ನೋಡಿ. ಉಕ್ರೇನ್‌ನೋರ ಮನೇಲಿ ಇದೇ ಥರದ್ದಕ್ಕೆ ವರೇನಿಕಿ ಅಂತಾರೆ. ಇನ್ನು ರಷ್ಯಾದಲ್ಲಿ ಪಿರೋಗ್ ಅಂದ್ರೆ ಒಲೆಯೊಳಗೆ ಸುಡೋ ದೊಡ್ಡ ತುಂಬಿದ ರೊಟ್ಟಿ, ಅದೇ ಬೇರೆ. ಆಲೂಗಡ್ಡೆ ಪೋಲೆಂಡ್‌ನಲ್ಲಿ ಜನಸಾಮಾನ್ಯರ ಊಟ ಆಗಿದ್ದು ಹದಿನೆಂಟನೇ ಶತಮಾನದ ಮೇಲೆ, ಹಾಗಾಗಿ ಈಗ ಎಲ್ಲರಿಗೂ ಇಷ್ಟವಾದ ಈ ಹೂರಣ ಪಿಯೆರೋಗಿಗಳಲ್ಲಿ ಅಷ್ಟೇನೂ ಹಳೇದಲ್ಲ.

ಇನ್ನೊಂದು ಸಣ್ಣ ಮಾತು, ಪಿಯೆರೋಗಿ ಅನ್ನೋದೇ ಬಹುವಚನ, ಒಂದೇ ಒಂದಿದ್ರೆ ಪಿಯೆರುಗ್. ಒಂದೇ ಒಂದು ತಿನ್ನೋರು ಯಾರೂ ಇಲ್ಲದ್ದಕ್ಕೆ ಆ ಪದ ಕಿವಿಗೆ ಬೀಳೋದು ಕಮ್ಮಿ. ಆಶ್ಚರ್ಯ ಆದಾಗ ಅಲ್ಲಿನ ಹಿರಿಯರು "ಪಿಯೆರೋಗಿ ಹಿಡಿದ ಸಂತ ಯಾತ್ಸೆಕ್ಕೇ!" ಅಂತ ಉದ್ಗಾರ ತೆಗೀತಾರೆ, ನಾವು ಅಯ್ಯೋ ಶಿವನೇ ಅಂದ ಹಾಗೆ. ಯಾತ್ಸೆಕ್ ಹದಿಮೂರನೇ ಶತಮಾನದಲ್ಲಿದ್ದ ಒಬ್ಬ ಸಂತ, ಹಸಿದೋರಿಗೆ ಪಿಯೆರೋಗಿ ಬಡಿಸಿದ್ರು ಅಂತ ಜನ ಕಥೆ ಹೇಳ್ತಾರೆ.

ನಾನು ವ್ರೋತ್ಸ್ವಾಫ್‌ನಲ್ಲಿ ಎಂಎಸ್ ಮಾಡ್ತಾ ಇದ್ದೀನಿ ಅಕ್ಕ, ಪಕ್ಕಾ ವೆಜ್. ಹೊರಗೆ ಪಿಯೆರೋಗಿ ತಿನ್ನೋಕೆ ಭಯ. ಆಲೂಗಡ್ಡೇದು ಅಂತ ತಗೊಂಡ್ರೆ ಮೇಲೆ ಏನೋ ಮಾಂಸದ ಚೂರು ಇತ್ತು.
– ಪೋಲೆಂಡ್‌ನಿಂದ ಹಾಸನದ ವಿದ್ಯಾರ್ಥಿ

ತಮ್ಮಾ, ಅದು ಸ್ಕ್ವಾರ್ಕಿ, ಹಂದಿ ಕೊಬ್ಬು ಹುರಿದ ಚೂರು. ರುಸ್ಕಿಯೆ ಹೂರಣದಲ್ಲಿ ಮಾಂಸ ಇರಲ್ಲ, ಆದರೆ ಮೇಲೆ ಇದನ್ನ ಉದುರಿಸೋ ರೂಢಿ ಇದೆ. ಆರ್ಡರ್ ಕೊಡೋವಾಗ್ಲೇ "ಬೆಸ್ ಸ್ಕ್ವಾರೆಕ್, ಪ್ರೋಶೆ" ಅನ್ನು, ಸ್ಕ್ವಾರ್ಕಿ ಬೇಡ ದಯವಿಟ್ಟು ಅಂತ, ಮತ್ತೆ "ಸ್ ಮಾಸ್ವೆಮ್" ಅಂದ್ರೆ ಬೆಣ್ಣೆ ಹಾಕಿ ಕೊಡ್ತಾರೆ. "ಸ್ ಮಿಯೆನ್ಸೆಮ್" ಅಂತ ಬೋರ್ಡಲ್ಲಿದ್ರೆ ಅದು ಮಾಂಸದ್ದು. ಎಲೆಕೋಸಿನದ್ದು ಅಂದ ಮಾತ್ರಕ್ಕೆ ಸಸ್ಯಾಹಾರ ಅಂತ ನಂಬ್ಬೇಡ, ಕೆಲವು ಕಡೆ ಕೋಸನ್ನ ಹಂದಿ ಕೊಬ್ಬಲ್ಲಿ ಹುರೀತಾರೆ, ಕೇಳ್ಕೊಂಡೇ ತಿನ್ನು.

ದುಡ್ಡು ಉಳಿಸೋಕೆ ಬಾರ್ ಮ್ಲೆಚ್ನಿ ಅಂತ ಬೋರ್ಡ್ ಹುಡುಕು. ಹಾಲಿನ ಬಾರ್ ಅಂತ ಅರ್ಥ, ಹೆಂಡದ ಬಾರ್ ಅಲ್ಲ. ಮೊದಲನೇದು ವಾರ್ಸಾದಲ್ಲಿ 1896ರಲ್ಲಿ ಶುರುವಾಯ್ತು, ಹಾಲು ಮೊಟ್ಟೆ ಹಿಟ್ಟಿನ ತಿಂಡಿ ಕಮ್ಮಿ ಬೆಲೆಗೆ ಕೊಡೋ ಜಾಗ, ಕಮ್ಯುನಿಸ್ಟ್ ಕಾಲದಲ್ಲಿ ಊರೂರಿಗೂ ಹಬ್ಬಿತು, ಈಗಲೂ ಸರ್ಕಾರ ಸಬ್ಸಿಡಿ ಕೊಡುತ್ತೆ. ನಮ್ಮ ದರ್ಶಿನಿ ಥರ ಕೌಂಟರಲ್ಲಿ ಚೀಟಿ ತಗೊಂಡು ಕಿಟಕೀಲಿ ತಟ್ಟೆ ಇಸ್ಕೋಬೇಕು. ಮುದುಕರು, ಸ್ಟೂಡೆಂಟ್ಸ್, ಕೆಲಸಗಾರರು ಒಂದೇ ಟೇಬಲ್‌ನಲ್ಲಿ ಕೂತು ತಿಂತಿರ್ತಾರೆ.

ಆದರೆ ನೀನು ರೂಮಲ್ಲೇ ಮಾಡ್ಕೋ ಅಂತೀನಿ. ನಿನ್ನ ಊರಿನ ಹೆಸರಲ್ಲೇ ಹಿಟ್ಟಿದೆ, ಮೊಂಕಾ ವ್ರೋತ್ಸ್ವಾಫ್ಸ್ಕಾ ಟೈಪ್ 500, ತ್ವಾರುಗ್ ಪ್ರತಿ ಅಂಗಡೀಲೂ ಸಿಗುತ್ತೆ, ನಮಗೆ ಇಲ್ಲಿರೋ ಕಷ್ಟ ಯಾವುದೂ ನಿನಗಿಲ್ಲ.

ಕ್ರಿಸ್ಮಸ್ ಹಿಂದಿನ ರಾತ್ರಿ ಅವರು ಪಿಯೆರೋಗಿ ಮಾಡ್ತಾರಂತಲ್ಲ, ಅದು ಹೇಗೆ? ಈ ಡಿಸೆಂಬರಲ್ಲಿ ನಮ್ಮ ಮನೇಲೂ ಮಾಡುವ ಅಂತ ಆಸೆ.
– ಮಂಗಳೂರಿನ ಓದುಗರು

ಒಳ್ಳೇ ಆಸೆ ಬಾಯೀ, ಈಗಿಂದಲೇ ತಯಾರಿ ಶುರು ಮಾಡಿದ್ರೆ ಸರಿಹೋಗುತ್ತೆ. ಆ ರಾತ್ರಿ ಊಟಕ್ಕೆ ವಿಗಿಲಿಯಾ ಅಂತಾರೆ. ಆಕಾಶದಲ್ಲಿ ಮೊದಲ ನಕ್ಷತ್ರ ಕಂಡ ಮೇಲೆ ಊಟಕ್ಕೆ ಕೂರೋದು, ಮೊದಲು ಒಪ್ವಾತೆಕ್ ಅನ್ನೋ ತೆಳು ಬಿಳಿ ಬಿಲ್ಲೆ ಮುರಿದು ಒಬ್ಬರಿಗೊಬ್ಬರು ಕೊಟ್ಟು ಶುಭ ಹಾರೈಸೋದು, ಟೇಬಲ್ ಮೇಲೆ ಒಂದು ತಟ್ಟೆ ಜಾಸ್ತಿ ಇಟ್ಟಿರ್ತಾರೆ, ಹೇಳದೇ ಬಂದ ಅತಿಥಿಗೆ ಅಂತ. ಹನ್ನೆರಡು ಬಗೆ ಮಾಡೋ ರೂಢಿ, ಮೀನು ಇರುತ್ತೆ, ಮಾಂಸ ಇರಲ್ಲ. ಅದರಲ್ಲಿ ಹುಳಿ ಎಲೆಕೋಸು ಮತ್ತೆ ಒಣ ಅಣಬೆ ಪಿಯೆರೋಗಿ ಇರ್ಲೇಬೇಕು. ಅದೇ ಅಣಬೆ ಹೂರಣದಿಂದ ಉಶ್ಕಾ ಅಂತ ಪುಟಾಣಿ ಕಡುಬೂ ಮಾಡ್ತಾರೆ, ಉಶ್ಕಾ ಅಂದ್ರೆ ಪುಟ್ಟ ಕಿವಿ, ಮಡಚಿ ಎರಡು ತುದಿ ಕೂಡಿಸಿದ್ರೆ ಹಾಗೇ ಕಾಣುತ್ತೆ, ಅದನ್ನ ಬರ್ಷ್ಚ್ ಅನ್ನೋ ಕೆಂಪು ಬೀಟ್ರೂಟ್ ಸಾರಲ್ಲಿ ತೇಲಿಬಿಡೋದು.

ಹುಳಿ ಎಲೆಕೋಸು ನೀವೇ ಹಾಕಿ. ಒಂದು ಕಿಲೋ ಕೋಸನ್ನ ಎಳೆ ಎಳೆಯಾಗಿ ಹೆಚ್ಚಿ 20 ಗ್ರಾಂ ಕಲ್ಲುಪ್ಪಿನ ಪುಡಿ ಹಾಕಿ, ಕೋಸು ತಾನೇ ನೀರು ಬಿಡೋವರೆಗೂ ಕೈಯಲ್ಲಿ ಹಿಚುಕಿ, ಗಾಜಿನ ಭರಣಿಗೆ ಒತ್ತಿ ಒತ್ತಿ ತುಂಬಿ. ಬೇರೆ ನೀರು ಬೇಡ, ಅದರ ನೀರಲ್ಲೇ ಮುಳುಗಿರ್ಬೇಕು, ಮೇಲೊಂದು ಭಾರ ಇಡಿ. ನೀರಿನ ಮೇಲೆ ಎದ್ದ ಚೂರು ಬೂಸ್ಟು ಹಿಡಿಯುತ್ತೆ, ಉಪ್ಪಿನಕಾಯಿ ಹಾಕೋರಿಗೆ ಇದೆಲ್ಲಾ ಗೊತ್ತಿರೋದೇ. ದಿನಕ್ಕೊಂದ್ಸಲ ಮುಚ್ಚಳ ಸಡಿಲ ಮಾಡಿ ಗಾಳಿ ಬಿಡಿ. ಅಲ್ಲಿನ ಚಳೀಲಿ ಎರಡು ಮೂರು ವಾರ ಬೇಕು, ನಿಮ್ಮ ಕರಾವಳಿ ಸೆಖೆಗೆ ಐದಾರು ದಿನಕ್ಕೇ ಹುಳಿ ಬರುತ್ತೆ, ಮೂರನೇ ದಿನದಿಂದ ರುಚಿ ನೋಡ್ತಾ ಇರಿ, ಬೇಕಾದಷ್ಟು ಹುಳಿ ಬಂದ ಕೂಡಲೇ ಫ್ರಿಜ್ಜಿಗೆ.

ಅಣಬೆ ಅಲ್ಲಿ ಕಾಡಿಂದ ಆರಿಸಿ ತಂದು ದಾರಕ್ಕೆ ಪೋಣಿಸಿ ಒಣಗಿಸಿದ್ದು, ಬೋರೋವಿಕ್ ಅಂತ ಒಂದು ಜಾತಿ ಎಲ್ಲಕ್ಕಿಂತ ಮೇಲು, ಆ ಘಮಕ್ಕೆ ಸಾಟಿ ಇಲ್ಲ. ನಮ್ಮಲ್ಲಿ ಒಣ ಶಿಟಾಕೆ ಸಿಗುತ್ತೆ, ಅದನ್ನ 40 ಗ್ರಾಂ ರಾತ್ರಿ ನೆನೆಹಾಕಿ, ಬರೀ ಹಸಿ ಬಟನ್ ಅಣಬೆಗೆ ಆ ಆಳ ಬರಲ್ಲ. ಗೊತ್ತಿಲ್ಲದ ಕಾಡಣಬೆ ಮಾತ್ರ ದಯವಿಟ್ಟು ಮುಟ್ಬೇಡಿ. ಹುಳಿ ಕೋಸನ್ನ ಹಿಂಡಿ, ತುಂಬಾ ಹುಳಿ ಇದ್ರೆ ಒಮ್ಮೆ ತೊಳೆದು, ಅಣಬೆ ನೆನೆದ ನೀರು ಸೋಸಿ ಹಾಕಿ ಮೆತ್ತಗೆ ಬೇಯಿಸಿ. ಆಮೇಲೆ ಅಣಬೇನೂ ಕೋಸನ್ನೂ ಸಣ್ಣಗೆ ಕೊಚ್ಚಿ ಬೆಣ್ಣೇಲಿ ಹುರಿದ ಈರುಳ್ಳಿ ಜೊತೆ ಬಾಣಲೇಲಿ ತೇವ ಆರೋವರೆಗೂ ಕೈಯಾಡಿಸಿ, ಕಾಳುಮೆಣಸಿನ ಪುಡಿ ಹಾಕಿ. ಮುಷ್ಟೀಲಿ ಹಿಂಡಿದ್ರೆ ಒಂದು ಹನಿಯೂ ಬೀಳಬಾರ್ದು. ಈ ಹೂರಣ ಹಿಂದಿನ ದಿನವೇ ಮಾಡಿಟ್ರೆ ರುಚಿ ಕೂಡುತ್ತೆ, ಹಬ್ಬದ ದಿನ ನಿಮಗೂ ಹಗುರ.

ಕರಿಗಡುಬಿನ ಥರ ಎಣ್ಣೇಲಿ ಕರೀಬಹುದಾ?
– ತೀರ್ಥಹಳ್ಳಿಯ ಓದುಗರು

ಬೇಡ. ಮೆತ್ತನೆ ಕಣಕ ಎಣ್ಣೆ ಕುಡಿಯುತ್ತೆ, ಹಸೀದನ್ನ ಕರಿದ್ರೆ ಹೊರಗೆ ಗಟ್ಟಿ ಒಳಗೆ ಹಿಟ್ಟು. ನೀರಲ್ಲಿ ಬೇಯಿಸಿದ್ದು ಉಳಿದ್ರೆ ಮಾರನೇ ದಿನ ಕಾವಲೀಲಿ ಬೆಣ್ಣೆ ಹಾಕಿ ಎರಡೂ ಕಡೆ ಗರಿಗರಿ ಮಾಡಿ, ಎಷ್ಟೋ ಜನ ಅದಕ್ಕಂತಲೇ ಜಾಸ್ತಿ ಮಾಡಿ ಉಳಿಸ್ಕೋತಾರೆ, ನಾನೂ ಅಷ್ಟೇ.

ಫ್ರೀಜರ್‌ನಲ್ಲಿ ಇಡಬಹುದಾ? ನಾನು ಇಟ್ಟಿದ್ದೆ, ಎಲ್ಲಾ ಅಂಟಿ ಒಂದೇ ಉಂಡೆ ಆಯ್ತು.
– ತುಮಕೂರಿನ ಓದುಗರು

ಹಸೀದನ್ನೇ ಇಡಿ, ಆದರೆ ಮೊದಲು ಹಿಟ್ಟು ಉದುರಿಸಿದ ತಟ್ಟೇಲಿ ಒಂದಕ್ಕೊಂದು ತಾಗದ ಹಾಗೆ ಜೋಡಿಸಿ ಗಟ್ಟಿ ಆಗೋಕೆ ಬಿಡಿ, ಕಲ್ಲಿನ ಥರ ಆದ ಮೇಲೆ ಕವರಿಗೆ ತುಂಬಿ. ಬೇಯಿಸೋವಾಗ ಹೊರಗಿಟ್ಟು ಕರಗಿಸ್ಬೇಡಿ, ಫ್ರೀಜರಿಂದ ನೇರ ಕುದಿಯೋ ನೀರಿಗೆ. ಬೇಯಿಸಿ ಆದದ್ದನ್ನೂ ಹಾಗೇ ರಾಶಿ ಹಾಕ್ಬಾರ್ದು, ತೆಗೆದ ತಕ್ಷಣ ಕರಗಿದ ಬೆಣ್ಣೆ ಸವರಿ ಬಿಡಿ ಬಿಡಿಯಾಗಿ ಹರಡಿ.

ಸಿಹಿ ಹೂರಣ ಇಲ್ವಾ ಅವರಲ್ಲಿ?
– ರಾಮನಗರದ ಓದುಗರು

ಇದೆ, ಜುಲೈ ಬಂದ್ರೆ ಅದೇ. ಯಾಗೊದಿ ಅಂತ ಕಾಡಲ್ಲಿ ಬೆಳೆಯೋ ಕಪ್ಪು ನೀಲಿ ಪುಟ್ಟ ಹಣ್ಣು, ತಿಂದ್ರೆ ನಾಲಿಗೆ ಹಲ್ಲು ಎಲ್ಲಾ ನೇರಳೆ ಬಣ್ಣ ಆಗುತ್ತೆ, ನಮ್ಮಲ್ಲಿ ನೇರಳೆ ಹಣ್ಣು ತಿಂದ ಮಕ್ಕಳ ಹಾಗೆ. ಅದನ್ನ ಹಸಿಯಾಗೇ ತುಂಬಿ ಬೇಯಿಸಿ ಮೇಲೆ ಹುಳಿ ಕೆನೆ, ಸಕ್ಕರೆ. ಊಟದ ಕೊನೆಗೆ ಅಲ್ಲ, ಬೇಸಿಗೆ ಮಧ್ಯಾಹ್ನದ ಊಟವೇ ಅದು.

ನಿಮ್ಮ ಕಡೆ ರೇಷ್ಮೆಗೆ ಹಿಪ್ಪುನೇರಳೆ ಬೆಳೀತಾರಲ್ಲ, ಔಷಧಿ ಹೊಡೆಯದ ಗಿಡದ್ದು ಹಣ್ಣು ಸಿಕ್ಕಿದ್ರೆ ತುಂಬಾ ಚೆನ್ನಾಗಿ ಬರುತ್ತೆ, ನಾನು ಮಾಡಿದ್ದೀನಿ. ಹಣ್ಣು ತೊಳೆದು ಬಟ್ಟೆ ಮೇಲೆ ಪೂರ್ತಿ ಆರಿಸಿ. ಸಕ್ಕರೆ ಒಳಗೆ ಹಾಕ್ಬೇಡಿ, ಸಕ್ಕರೆ ತಾಗಿದ ಹಣ್ಣು ಕೂಡಲೇ ರಸ ಬಿಡುತ್ತೆ, ಅಂಚು ಒದ್ದೆ ಆಗಿ ಬಾಯಿ ಬಿಡುತ್ತೆ, ತಟ್ಟೆಗೆ ಬಡಿಸಿದ ಮೇಲೆ ಉದುರಿಸಿ. ಒಳಗೆ ಒಂದು ಚಿಟಿಕೆ ಒಣ ಬ್ರೆಡ್ ಪುಡಿ ಹಾಕಿದ್ರೆ ರಸ ಹೀರ್ಕೊಳ್ಳುತ್ತೆ. ಹುಳಿ ಕೆನೆಗೆ ಶ್ಮಿಯೆತಾನಾ ಅಂತಾರೆ, ತಾಜಾ ಕೆನೆಗೆ ಒಂದು ಚಮಚ ಮೊಸರು ಹಾಕಿ ರಾತ್ರಿ ಇಟ್ರೆ ಹತ್ತಿರ ಹತ್ತಿರ ಅದೇ.

ಒಬ್ಬಳೇ ಕೂತು ಅರವತ್ತು ಮಾಡೋಷ್ಟರಲ್ಲಿ ಮೂರೂವರೆ ಗಂಟೆ ಆಯ್ತು, ಸೊಂಟ ಹಿಡೀತು. ಅವರು ಇಷ್ಟನ್ನ ಹೇಗೆ ಮಾಡ್ತಾರೆ? ಮತ್ತೆ ಹೂರಣ ಖಾಲಿಯಾಗಿ ಹಿಟ್ಟು ಉಳೀತು, ಏನ್ಮಾಡ್ಲಿ?
– ದಾವಣಗೆರೆಯ ಓದುಗರು

ಒಬ್ಬರೇ ಮಾಡಲ್ಲ, ಅದೇ ವಿಷಯ. ಕೆಳಗಿನ ಮನೇಲಿ ಡಿಸೆಂಬರ್ ಇಪ್ಪತ್ತರ ಆಸುಪಾಸು ಅಡುಗೆಮನೆ ಟೇಬಲ್ ಮೇಲೆ ಸ್ತೋಲ್ನಿತ್ಸಾ ಬರೋದು, ದೊಡ್ಡ ಮರದ ಹಲಗೆ, ನಮ್ಮ ಹೋಳಿಗೆ ಮಣೆಯ ನಾಲ್ಕರಷ್ಟಿದೆ, ಜಾರದ ಹಾಗೆ ಮುಂದಿನ ಅಂಚಲ್ಲಿ ಕೆಳಕ್ಕೆ ಒಂದು ಪಟ್ಟಿ ಹೊಡೆದಿರ್ತಾರೆ. ಮಗಳು ಲಟ್ಟಿಸೋದು, ಮೊಮ್ಮಗ ಗ್ಲಾಸಲ್ಲಿ ಕತ್ತರಿಸೋದು, ಹೂರಣ ಉಂಡೆ ಕಟ್ಟಿಡೋದು ಅಜ್ಜನ ಕೆಲಸ, ಅಂಚು ಮಾತ್ರ ಅಜ್ಜಿ ಬೇರೆ ಯಾರಿಗೂ ಬಿಡ್ತಿರ್ಲಿಲ್ಲ, ಎರಡನೇ ವರ್ಷದಿಂದ ನನಗೆ ಬಿಟ್ರು. ಮುನ್ನೂರು ಆಗೋದು ಒಂದು ಮಧ್ಯಾಹ್ನಕ್ಕೆ, ಮಾತಾಡ್ತಾ ಮಾತಾಡ್ತಾ. ಆಗಿದ್ದನ್ನ ಹಾಸಿಗೆ ಮೇಲೆ ಬಿಳಿ ಬಟ್ಟೆ ಹಾಸಿ ಸಾಲು ಸಾಲಾಗಿ ಇಟ್ಟು ಮೇಲೆ ಇನ್ನೊಂದು ಬಟ್ಟೆ ಮುಚ್ಚೋರು ಒಣಗದ ಹಾಗೆ. ನೀವೂ ಪಕ್ಕದ ಮನೆಯೋರನ್ನ ಕರೀರಿ, ಹಪ್ಪಳ ಸಂಡಿಗೆಗೆ ಕರೆಯಲ್ವಾ, ಹಾಗೇ. ಮಾಡಿದ್ದನ್ನ ಹಂಚ್ಕೊಂಡು ಹೋಗ್ಲಿ.

ಒಬ್ಬರೇ ಮಾಡ್ಲೇಬೇಕು ಅಂದ್ರೆ ಎರಡು ದಿನಕ್ಕೆ ಒಡೀರಿ, ಒಂದು ದಿನ ಹೂರಣ ಮಾಡಿ ಉಂಡೆ ಕಟ್ಟಿ ಫ್ರಿಜ್ಜಲ್ಲಿಡೋದು, ಮಾರನೇ ದಿನ ಬರೀ ಕಣಕ. ಹಿಟ್ಟನ್ನ ನಾಲ್ಕು ಪಾಲು ಮಾಡಿ ಒಂದನ್ನ ಮಾತ್ರ ಹೊರಗೆ ತೆಗೀರಿ, ಉಳಿದದ್ದು ಬೋರಲು ಪಾತ್ರೆ ಕೆಳಗೆ.

ಉಳಿದ ಹಿಟ್ಟನ್ನ ತೆಳ್ಳಗೆ ಲಟ್ಟಿಸಿ ಶಂಕರಪೋಳಿ ಥರ ಚೌಕ ಚೌಕ ಕತ್ತರಿಸಿ ಉಪ್ಪು ನೀರಲ್ಲಿ ಬೇಯಿಸಿ, ಎಲೆಕೋಸು ಈರುಳ್ಳಿ ಬೆಣ್ಣೇಲಿ ಹುರಿದು ಅದಕ್ಕೆ ಸೇರಿಸಿ ಕಾಳುಮೆಣಸಿನ ಪುಡಿ ಹಾಕಿ. ಅದಕ್ಕೆ ವಾಜಾಂಕಿ ಅಂತ ಹೆಸರು, ಪಿಯೆರೋಗಿ ಮಾಡಿದ ದಿನ ಮಾಡಿದೋರ ರಾತ್ರಿ ಊಟಕ್ಕೆ ಅದಾಗುತ್ತೆ.